ನೆಲದ ಅಂದಾಜು ಸಿಗದ ಪೈಲಟ್

ಕೆಂಪು ಕೂದಲಿನವರನ್ನು ಆಸ್ಟ್ರೇಲಿಯಾದಲ್ಲಿ ತಮಾಷೆಗೆ ‘ಬ್ಲೂಯಿ’ ಅಂತಾರೆ. ಕೆಂಪು ಕಂಡರೆ ನೀಲಿ ಅನ್ನೋದು ಅಲ್ಲಿನ ಕುಚೋದ್ಯ! 1916ರಲ್ಲಿ ಹುಟ್ಟಿದ ಕೀತ್ ಟ್ರಸ್ಕಾಟ್‌ಗೂ ಅದೇ ಅಡ್ಡಹೆಸರು. ಹೊಟ್ಟೆಪಾಡಿಗೆ ಗುಮಾಸ್ತಿಕೆ, ಶನಿವಾರ ಮೆಲ್ಬರ್ನ್ ತಂಡದಲ್ಲಿ ಫುಟ್‌ಬಾಲ್. ಅದು ನಮ್ಮ ಫುಟ್‌ಬಾಲ್ ಅಲ್ಲ. ಮೊಟ್ಟೆಯಾಕಾರದ ಚೆಂಡು, ತಂಡಕ್ಕೆ 18 ಮಂದಿ, ಕೈಯಲ್ಲೂ ಹಿಡಿಯಬಹುದು.

1939ರಲ್ಲಿ ತಂಡ ಚಾಂಪಿಯನ್ ಆಯಿತು. ಮರುವರ್ಷ ವಾಯುಪಡೆ ಸೇರಿದ ಬ್ಲೂಯಿ, ತರಬೇತಿಯಿಂದ ರಜೆ ಪಡೆದು ಬಂದು ಫೈನಲ್ ಆಡಿದ. ರಿಚ್ಮಂಡ್ ಸೋತಿತು.

ಆದರೆ ಮೈದಾನದ ಹೀರೊಗೆ ವಿಮಾನ ಸುಲಭಕ್ಕೆ ಒಲಿಯಲಿಲ್ಲ. ಇಳಿಸುವಾಗ ನೆಲ ಇನ್ನೂ ಇಪ್ಪತ್ತು ಅಡಿ ಕೆಳಗಿರುವಾಗಲೇ ವಿಮಾನವನ್ನು ಸಮ ಮಾಡಿಬಿಡುತ್ತಿದ್ದ. ಡ್ರೈವಿಂಗ್ ಟೆಸ್ಟ್‌ನಲ್ಲಿ ಎರಡು ಸಲ ಫೇಲಾದ ನನಗೆ ಇದನ್ನು ಓದಿ ಎಷ್ಟು ಸಮಾಧಾನವಾಯಿತೋ!

ಅದೇ ಹುಡುಗ 1941ರಲ್ಲಿ ಇಂಗ್ಲೆಂಡಿನಿಂದ ಸ್ಪಿಟ್‌ಫೈರ್ ಹಾರಿಸಿ ಶತ್ರು ವಿಮಾನಗಳನ್ನು ಉರುಳಿಸಿದ. ಶೌರ್ಯ ಪದಕ ಎರಡು ಬಾರಿ ಬಂತು. 1942ರಲ್ಲಿ ಊರಿಗೆ ಮರಳಿ ಒಂದು ಪಂದ್ಯವನ್ನೂ ಆಡಿದ. ಆಮೇಲೆ ನ್ಯೂಗಿನಿಯ ಮಿಲ್ನೆ ಕೊಲ್ಲಿ. ಅಲ್ಲಿ ನಾಯಕ ಸತ್ತಾಗ 76ನೇ ಸ್ಕ್ವಾಡ್ರನ್ನಿನ ಹೊಣೆ ಇವನ ಹೆಗಲಿಗೇ ಬಿತ್ತು.

1943ರ ಮಾರ್ಚ್ 28. ಪಶ್ಚಿಮ ಆಸ್ಟ್ರೇಲಿಯಾದ ಎಕ್ಸ್‌ಮೌತ್ ಕೊಲ್ಲಿಯ ಮೇಲೆ, ತಮ್ಮದೇ ಕ್ಯಾಟಲೀನಾ ವಿಮಾನದ ಮೇಲೆ ಅಣಕು ದಾಳಿಯ ಅಭ್ಯಾಸ. ಬ್ಲೂಯಿಯ ಕಿಟ್ಟಿಹಾಕ್ ಸಮುದ್ರಕ್ಕೆ ಬಡಿಯಿತು. ಆಗ ವಯಸ್ಸು 26.

ಮೆಲ್ಬರ್ನ್ ಕ್ಲಬ್ಬಿನ ವರ್ಷದ ಶ್ರೇಷ್ಠ ಆಟಗಾರನಿಗೆ ಇಂದಿಗೂ ಅವನ ಹೆಸರಿನ ಪದಕವೇ.