ಹೇಳದೆ ಉಳಿದ ಮಾತಿನ ಬೆಲೆ

ತಮಿಳು ಚಿತ್ರರಂಗದಲ್ಲಿ ಪ್ರೇಮವನ್ನು ಬಾಯಿಬಿಟ್ಟು ಹೇಳಲಾರದ ನಾಯಕನಿಗೆ ವಿಶೇಷ ಗೌರವವಿದೆ. ಅಂಥ ಎರಡು ಪ್ರಸಿದ್ಧ ಪಾತ್ರಗಳನ್ನು ನಿರ್ವಹಿಸಿದವರು ಕರ್ನಾಟಕದವರೆಂಬುದನ್ನು ನಾವು ಬಹುಮಟ್ಟಿಗೆ ಮರೆತಿದ್ದೇವೆ. ಶ್ರೀಧರ್ ನಿರ್ದೇಶಿಸಿದ 1962ರ ‘ನೆಂಜಿಲ್ ಓರ್ ಆಲಯಂ’ನಲ್ಲಿ, ತಾನು ಹಿಂದೆ ಪ್ರೀತಿಸಿದವಳ ಗಂಡನಿಗೇ ಶಸ್ತ್ರಚಿಕಿತ್ಸೆ ಮಾಡುವ ವೈದ್ಯ ನಮ್ಮ ಕಲ್ಯಾಣ್‌ಕುಮಾರ್. 1991ರ ‘ಇದಯಂ’ನ ವೈದ್ಯಕೀಯ ವಿದ್ಯಾರ್ಥಿ ಮುರಳಿಯಂತೂ ‘ಬಂಗಾರದ ಮನುಷ್ಯ’ದ ನಿರ್ದೇಶಕ ಸಿದ್ಧಲಿಂಗಯ್ಯನವರ ಮಗ.

ಕಲ್ಯಾಣ್‌ಕುಮಾರರ ವೈದ್ಯನ ಮೌನ ವೃತ್ತಿಧರ್ಮದಿಂದ ಬಂದದ್ದು, ಅದಕ್ಕೆ ತಲೆಬಾಗಬಹುದು. ಮುರಳಿಯ ಪಾತ್ರದ್ದು ಬರಿಯ ಅಳುಕು. ಅವನ ಮನಸ್ಸು ಅವಳಿಗೆ ತಿಳಿಯುವ ಹೊತ್ತಿಗೆ ಅವನ ಹೃದಯ ಅತಿಯಾದ ಸಂತೋಷವನ್ನೂ ತಡೆಯಲಾರದ ಸ್ಥಿತಿಯಲ್ಲಿರುತ್ತದೆ. ಈಗ ಬಾಯಿ ಕಟ್ಟಿಕೊಳ್ಳಬೇಕಾದವಳು ಅವಳು! ಪ್ರೇಕ್ಷಕರು ಮರುಗಿದ್ದು ಮಾತ್ರ ಅವನಿಗಾಗಿ.

ಸಿ. ಪ್ರೇಮ್‌ಕುಮಾರ್ ನಿರ್ದೇಶನದ 2018ರ ‘96’ ನನ್ನನ್ನು ಹೆಚ್ಚು ಕಾಡಿದೆ. (ಮರುವರ್ಷ ಅದು ಕನ್ನಡದಲ್ಲಿ ‘99’ ಆಗಿ ಬಂದಿತು.) ತಂಜಾವೂರಿನ ಶಾಲೆಯಲ್ಲಿ ಒಟ್ಟಿಗೆ ಓದಿದ ರಾಮ್ ಮತ್ತು ಜಾನಕಿ ಇಪ್ಪತ್ತೆರಡು ವರ್ಷಗಳ ಬಳಿಕ ಚೆನ್ನೈನಲ್ಲಿ ಭೇಟಿಯಾಗುತ್ತಾರೆ. ಅವಳು ಸಿಂಗಪುರದ ಗೃಹಿಣಿ, ಅವನು ಒಂಟಿ. ಅವರಿಬ್ಬರೂ ಬೇರೆಯಾದದ್ದಕ್ಕೆ ಜಾತಿಯೋ ಜಗಳವೋ ಕಾರಣವಲ್ಲ, ಸಾಲ. ತಂದೆ ಮಾಡಿದ ಸಾಲದಿಂದಾಗಿ ಕುಟುಂಬ ಹೇಳದೆ ಕೇಳದೆ ಊರು ಬಿಡುತ್ತದೆ. ಅರ್ಥಶಾಸ್ತ್ರ ಓದಿದವನ ಕಣ್ಣು ಮೊದಲು ಅಲ್ಲಿಗೇ ಹೋಗುವುದೆಂದು ನನ್ನ ಪತ್ನಿ ನಗುತ್ತಾಳೆ. ಇರಲಿ. ನಾವು ನಾಚಿಕೆ, ಸಭ್ಯತೆ ಎಂದು ಹೊಗಳುವ ಮೌನದ ಹಿಂದೆ ಎಷ್ಟೋ ಬಾರಿ ಕೈಯಲ್ಲಿ ಕಾಸಿಲ್ಲದವನ ಅವಮಾನವಿರುತ್ತದೆ.

ಆದರೆ ಸಾಲ ಕ್ಷಮಿಸುವುದಕ್ಕೂ ಒಂದು ಮಿತಿಯುಂಟು. ಮುಂದೆ ರಾಮ್ ಅವಳ ಕಾಲೇಜಿನವರೆಗೂ ಬರುತ್ತಾನೆ. ಇನ್ನೊಬ್ಬರ ಮೂಲಕ ಹೇಳಿಕಳುಹಿಸಿದ ಮಾತು ತಪ್ಪಾಗಿ ತಲುಪಿ, ಅವಳು ಬಂದವನು ಬೇರೆ ಯಾರೋ ಎಂದು ಭಾವಿಸುತ್ತಾಳೆ. ಅವನು ಹಿಂದಿರುಗುತ್ತಾನೆ. ಅವಳ ಮದುವೆಗೂ ಬಂದು, ದೂರದಲ್ಲಿ ನಿಂತು, ಹೊರಟುಹೋಗುತ್ತಾನೆ. ಅದೇ ಹೊತ್ತಿನಲ್ಲಿ ಅವನು ಬಂದಾನೆಂದು ಅವಳ ಕಣ್ಣು ಹುಡುಕುತ್ತಿತ್ತೆಂಬುದು ಅವನಿಗೆ ತಿಳಿಯುವುದು ವರ್ಷಗಳ ನಂತರ. ಚಿತ್ರಮಂದಿರದಲ್ಲಿ ನನ್ನ ಕಣ್ಣು ಒದ್ದೆಯಾದದ್ದು ನಿಜ. ಹೊರಗೆ ಬಂದ ಮೇಲೆ ಸಿಟ್ಟೂ ಬಂದಿತು. ಇಬ್ಬರ ಬದುಕಿನ ಪ್ರಶ್ನೆಯನ್ನು ಅವನೊಬ್ಬನೇ ತೀರ್ಮಾನಿಸಿದ್ದ. ಅವಳ ಅಭಿಪ್ರಾಯ ಕೇಳಲೇ ಇಲ್ಲ.

ಕೊನೆಯಲ್ಲಿ ರಾಮ್ ಅವಳು ಬಿಟ್ಟುಹೋದ ಉಡುಪನ್ನು ಮಡಚಿ, ಹಳೆಯ ನೆನಪಿನ ವಸ್ತುಗಳಿರುವ ಪೆಟ್ಟಿಗೆಯಲ್ಲಿಡುತ್ತಾನೆ. ವಿಮಾನ ಹತ್ತಿ ಹೋದ ಜಾನಕಿ ಮನೆ ಸೇರಿ ಯಾರೊಡನೆ ಏನು ಮಾತನಾಡಿದಳೆಂಬುದನ್ನು ಚಿತ್ರ ತೋರಿಸುವುದಿಲ್ಲ.