ಎಣಿಕೆಗೆ ಬಾರದ 33 ಮತಗಳ ಊರು

ಸ್ವಿಟ್ಜರ್‌ಲ್ಯಾಂಡಿನ ವಾಲೆ ಪ್ರಾಂತ್ಯದ ರೋನ್ ಕಣಿವೆಯಲ್ಲಿ ರಾರೋನ್ ಎಂಬ ಊರಿದೆ. ಅಲ್ಲಿಂದ ಕೇಬಲ್ ಕಾರ್ ಹತ್ತಿದರೆ ಉಂಟರ್‌ಬೇಖ್ ಸಿಗುತ್ತದೆ. ಜರ್ಮನ್ ಮಾತಾಡುವ, ಕ್ಯಾಥೊಲಿಕ್ ಸಂಪ್ರದಾಯದ ಈ ಪುಟ್ಟ ಹಳ್ಳಿ ಹೆಣ್ಣಿನ ಬಿಡುಗಡೆಯ ಚರಿತ್ರೆಗೆ ಸೇರಿದ್ದು ಆದರ್ಶದ ಭಾಷಣಗಳಿಂದಲ್ಲ, ನೇರವಾದ ಒಂದು ತರ್ಕದಿಂದ. ನಾಗರಿಕ ರಕ್ಷಣಾ ಸೇವೆಯ ಹೊಣೆಯನ್ನು ಹೆಂಗಸರ ಮೇಲೂ ಹೊರಿಸುವ ಸಂವಿಧಾನ ತಿದ್ದುಪಡಿ 1957ರ ಮಾರ್ಚ್ 3ರಂದು ಜನರ ಮುಂದೆ ಬಂತು. ಅದನ್ನು ತೀರ್ಮಾನಿಸುವ ಹಕ್ಕಿದ್ದದ್ದು ಗಂಡಸರಿಗೆ ಮಾತ್ರ. ದುಡಿಯಬೇಕಾದವರನ್ನೇ ಕೇಳದೆ ಕೆಲಸ ಹಚ್ಚುವುದು ಯಾವ ನ್ಯಾಯ ಎಂದ ಗ್ರಾಮಾಡಳಿತ, ಮೇಲಿನವರ ವಿರೋಧವನ್ನು ಲೆಕ್ಕಿಸದೆ ಹೆಂಗಸರಿಗೂ ಮತಗಟ್ಟೆ ತೆರೆಯಿತು. ಅವರ ಚೀಟಿಗಳಿಗೆ ಪ್ರತ್ಯೇಕ ಪೆಟ್ಟಿಗೆ ಇಟ್ಟರು. ಮೊದಲು ಚೀಟಿ ಹಾಕಿದವರು ಊರಿನ ಅಧ್ಯಕ್ಷ ಪಾಲ್ ಝೆನ್‌ಹಾಯ್ಸರ್ನ್ ಅವರ ಪತ್ನಿ ಕ್ಯಾಥರೀನಾ.

ಇದು ಬರೀ ಪ್ರದರ್ಶನ ಎನ್ನುವವರ ಕೈಯಲ್ಲಿ ಪುರಾವೆಗಳಿಗೇನೂ ಕೊರತೆಯಿಲ್ಲ. 84 ಹೆಂಗಸರಲ್ಲಿ ಬಂದವರು 33 ಮಂದಿ. ಆ ಮತಗಳೂ ಅಧಿಕೃತ ಫಲಿತಾಂಶಕ್ಕೆ ಸೇರಲಿಲ್ಲ. 1959ರಲ್ಲಿ ಹೆಂಗಸರ ಮತದ ಹಕ್ಕನ್ನೇ ದೇಶದ ಮುಂದಿಟ್ಟಾಗ, ಮೂರರಲ್ಲಿ ಎರಡು ಪಾಲು ಗಂಡಸರು ಬೇಡವೆಂದರು. ಇದೆಲ್ಲ ನಿಜ. ಆದರೆ ಪಕ್ಕದ ಮನೆಯವರ ಕಣ್ಣೆದುರೇ ಮತಗಟ್ಟೆಗೆ ನಡೆದು ಹೋಗುವುದು ಹಳ್ಳಿಯಲ್ಲಿ ಸಣ್ಣ ಮಾತಲ್ಲ. ಹಾಗಾಗಿ ಈ 33 ನನಗೆ ಕಡಿಮೆ ಎನಿಸುವುದಿಲ್ಲ. ಹೆಂಗಸರು ಮತ ಹಾಕಿದರೆ ಸಂಸಾರ ಕೆಡುತ್ತದೆ ಎಂಬ ಭಯಕ್ಕೂ ಇಲ್ಲೊಂದು ಪರೀಕ್ಷೆ ನಡೆಯಿತು. ಚೀಟಿ ಬಿತ್ತು, ಊರು ಊರಾಗಿಯೇ ಉಳಿಯಿತು. ಗಂಡಸರು ದಯಪಾಲಿಸಿದ ಹಕ್ಕಲ್ಲವೇ ಇದು ಎಂಬ ಆಕ್ಷೇಪ ಇನ್ನೂ ಗಟ್ಟಿಯಾದದ್ದು. ಪಂಚಾಯಿತಿ ಬಾಗಿಲು ತೆರೆದದ್ದು ಹೌದು. ಒಳಗೆ ಹೋಗುವ ನಿರ್ಧಾರ ಮಾತ್ರ ಆ ಹೆಂಗಸರದ್ದೇ.

ಹಾಗೆಂದು ಮತದ ಹಕ್ಕು ಮನೆಯೊಳಗಿನ ಬಿಡುಗಡೆಯನ್ನೂ ಹೊತ್ತು ತರಲಿಲ್ಲ. ಬಾಸೆಲ್‌ನ ವಕೀಲೆ ಇರಿಸ್ ಫಾನ್ ರೋಟನ್ 1958ರ ತಮ್ಮ ಪುಸ್ತಕದಲ್ಲಿ ಮದುವೆ, ದುಡಿಮೆ, ಲೈಂಗಿಕ ಸ್ವಾತಂತ್ರ್ಯಗಳನ್ನು ಒಟ್ಟಿಗೇ ಚರ್ಚೆಗೆಳೆದು ಕಟು ನಿಂದನೆಗೆ ಗುರಿಯಾದರು. ರಾಷ್ಟ್ರಮಟ್ಟದಲ್ಲಿ ಮತದ ಹಕ್ಕು ಸಿಕ್ಕಿದ್ದು 1971ರಲ್ಲಿ. ಗಂಡನೇ ಕುಟುಂಬದ ಯಜಮಾನ ಎಂಬ ಕಾನೂನು ಹೋಗಲು 1988 ಬರಬೇಕಾಯಿತು. ಆಪೆನ್‌ಝೆಲ್ ಇನ್ನರ್‌ರೋಡನ್ ಪ್ರಾಂತ್ಯವಂತೂ ತನ್ನ ಸ್ಥಳೀಯ ಮತದಾನಕ್ಕೆ ಹೆಂಗಸರನ್ನು ಸೇರಿಸಿಕೊಳ್ಳಲು 1990ರಲ್ಲಿ ದೇಶದ ಸರ್ವೋಚ್ಚ ನ್ಯಾಯಾಲಯವೇ ಆದೇಶಿಸಬೇಕಾಯಿತು.