ಓಟ ಮತ್ತು ಗುರಿ

ಶಾಲೆಯ ಆಟದ ಮೈದಾನವನ್ನು ಶಕ್ತಿಮೀರಿ ನಾಲ್ಕು ಸುತ್ತು ಓಡಿ ಬಂದ ವಿದ್ಯಾರ್ಥಿಯ ಕೈಗೆ, ಅವನು ಸುಧಾರಿಸಿಕೊಳ್ಳುವ ಮೊದಲೇ, ಸೂಜಿಯನ್ನೂ ದಾರವನ್ನೂ ಕೊಟ್ಟು ಪೋಣಿಸೆಂದರೆ ಏನಾದೀತು? ಎದೆ ಡವಡವನೆ ಹೊಡೆದುಕೊಳ್ಳುತ್ತಿರುತ್ತದೆ; ಕೈ ನಡುಗುತ್ತಿರುತ್ತದೆ; ಸೂಜಿಯ ಕಣ್ಣು ಒಂದು ಕಡೆಯಾದರೆ ದಾರದ ತುದಿ ಇನ್ನೊಂದು ಕಡೆಗೆ ಹೋಗುತ್ತದೆ. ಓಟಕ್ಕೆ ಬೇಕಾದುದು ದೇಹದ ಆವೇಗ. ಸೂಜಿ ಪೋಣಿಸಲು ಬೇಕಾದುದು ದೇಹದ ನಿಶ್ಚಲತೆ. ಇವೆರಡೂ ಒಂದೇ ದೇಹದಲ್ಲಿ ಒಂದರ ಬೆನ್ನಿಗೆ ಒಂದು ಕೂಡಿಬರುವುದು ಸುಲಭವಲ್ಲ. ಈ ಕಷ್ಟವನ್ನೇ ಒಂದು ಕ್ರೀಡೆಯನ್ನಾಗಿ ಮಾಡಿಕೊಂಡ ಜನರು ಯೂರೋಪಿನ ಶೀತಪ್ರದೇಶಗಳಲ್ಲಿದ್ದಾರೆ. ಆ ಕ್ರೀಡೆಗೆ ಬಯಾಥ್ಲಾನ್ ಎಂದು ಹೆಸರು. ಅದರಲ್ಲಿ ಜಗತ್ತಿನ ಅಗ್ರಸ್ಥಾನವನ್ನು ಗಳಿಸಿದವರಲ್ಲಿ ಜರ್ಮನಿಯ ಲಾರಾ ಡಾಲ್‌ಮೈಯರ್ ಒಬ್ಬಳು. ಆಕೆಯ ಬಾಳು ದೀರ್ಘವಾಗಿರಲಿಲ್ಲ. ಆದರೆ ಅದರಿಂದ ಕಲಿಯಬೇಕಾದುದು ಬಹಳವಿದೆ.

ಹಿಮವನ್ನು ಕಣ್ಣಾರೆ ಕಾಣದ ನಮಗೆ ಈ ಕ್ರೀಡೆಯ ಪರಿಚಯ ಮೊದಲು ಆಗಬೇಕು. ಉತ್ತರ ಯೂರೋಪಿನಲ್ಲಿ ಚಳಿಗಾಲದ ಹಲವು ತಿಂಗಳು ನೆಲವೆಲ್ಲ ಹಿಮದಿಂದ ಮುಚ್ಚಿರುತ್ತದೆ. ಅಲ್ಲಿ ನಡೆದರೆ ಕಾಲು ಹೂತುಹೋಗುತ್ತದೆ. ಆದುದರಿಂದ ಅಲ್ಲಿನ ಬೇಟೆಗಾರರು ಬಹು ಹಿಂದಿನಿಂದಲೂ ನೀಳವಾದ ಮರದ ಹಲಗೆಗಳನ್ನು ಕಾಲಿಗೆ ಕಟ್ಟಿಕೊಂಡು ಹಿಮದ ಮೇಲೆ ಜಾರುತ್ತ ಮೃಗಗಳನ್ನು ಅಟ್ಟಿಸಿಕೊಂಡು ಹೋಗುತ್ತಿದ್ದರು. ಈ ಹಲಗೆಗಳೇ ಸ್ಕೀಗಳು. ಬೇಟೆಗಾರರ ಈ ವಿದ್ಯೆಯನ್ನು ಗಡಿ ಕಾಯುವ ಸೈನಿಕರೂ ಕಲಿತರು. 1767ರಲ್ಲಿ ಸ್ವೀಡನ್ ಮತ್ತು ನಾರ್ವೆಗಳ ಗಡಿಯ ಕಾವಲುಗಾರರ ನಡುವೆ ಇಂತಹ ಒಂದು ಸ್ಪರ್ಧೆ ನಡೆಯಿತೆಂದು ಹೇಳುತ್ತಾರೆ. ಮುಂದೆ 1960ರಲ್ಲಿ ಅಮೆರಿಕದ ಸ್ಕ್ವಾ ವ್ಯಾಲಿಯಲ್ಲಿ ಜರುಗಿದ ಚಳಿಗಾಲದ ಒಲಿಂಪಿಕ್ ಕೂಟದಲ್ಲಿ ಬಯಾಥ್ಲಾನ್‌ಗೆ ಸ್ಥಾನ ದೊರೆಯಿತು. ಆದರೆ ಅದು ಪುರುಷರಿಗೆ ಮಾತ್ರ. ಸ್ತ್ರೀಯರ ವಿಶ್ವ ಚಾಂಪಿಯನ್‌ಶಿಪ್ 1984ರಲ್ಲಿ ಆರಂಭವಾಯಿತು. ಒಲಿಂಪಿಕ್ ಕೂಟದ ಬಾಗಿಲು ಅವರಿಗೆ ತೆರೆದದ್ದು 1992ರಲ್ಲಿ, ಫ್ರಾನ್ಸಿನ ಆಲ್ಬರ್ಟ್‌ವಿಲ್‌ನಲ್ಲಿ. ಪುರುಷರಿಗಿಂತ ಮೂವತ್ತೆರಡು ವರ್ಷ ತಡವಾಗಿ ದೊರೆತ ಈ ಅವಕಾಶವನ್ನು ಜರ್ಮನಿಯ ಮಹಿಳೆಯರು ಚೆನ್ನಾಗಿ ಬಳಸಿಕೊಂಡರು. ಆ ಕೂಟದ 15 ಕಿಲೋಮೀಟರ್ ಸ್ಪರ್ಧೆಯ ಚಿನ್ನದ ಪದಕ ಜರ್ಮನಿಯ ಆಂಟ್ಯೆ ಮಿಸರ್ಸ್ಕಿಗೆ ಸಂದಿತು. ಆ ಬಳಿಕ ಊಷಿ ಡಿಸ್ಲ್, ಕಾಟಿ ವಿಲ್‌ಹೆಲ್ಮ್, ಮಗ್ದಲೇನಾ ನಾಯ್ನರ್ ಮೊದಲಾದವರು ಒಬ್ಬರ ನಂತರ ಒಬ್ಬರು ಬಂದು ಆ ಕೀರ್ತಿಯನ್ನು ಬೆಳೆಸಿದರು. ಲಾರಾ ಈ ಪರಂಪರೆಗೆ ಸೇರಿದವಳು.

ಬಯಾಥ್ಲಾನ್‌ನ ನಿಯಮಗಳು ಸರಳವಾಗಿವೆ, ಆದರೆ ಕಠಿಣವಾಗಿವೆ. ಸ್ಪರ್ಧಿಯು ಕನಿಷ್ಠ ಮೂರೂವರೆ ಕಿಲೋಗ್ರಾಂ ತೂಕದ ರೈಫಲನ್ನು ಬೆನ್ನಿಗೆ ಕಟ್ಟಿಕೊಂಡು, ಏರುತಗ್ಗುಗಳಿಂದ ಕೂಡಿದ ಹಿಮದ ಹಾದಿಯಲ್ಲಿ ಸ್ಕೀಗಳ ಮೇಲೆ ಓಡಬೇಕು. ನಡುನಡುವೆ ಗುರಿಯ ಅಂಗಳಕ್ಕೆ ಬಂದು, 50 ಮೀಟರ್ ದೂರದಲ್ಲಿ ಸಾಲಾಗಿರುವ ಐದು ಗುರಿಗಳಿಗೆ ಐದು ಗುಂಡುಗಳನ್ನು ಹಾರಿಸಬೇಕು. ಒಮ್ಮೆ ಮಲಗಿ ಹೊಡೆಯಬೇಕು, ಒಮ್ಮೆ ನಿಂತು ಹೊಡೆಯಬೇಕು. ಮಲಗಿ ಹೊಡೆಯುವಾಗ ಗುರಿಯ ವ್ಯಾಸ ನಾಲ್ಕೂವರೆ ಸೆಂಟಿಮೀಟರ್. ಎಂದರೆ ಒಂದು ನಿಂಬೆಹಣ್ಣಿನಷ್ಟು. ನಿಂತು ಹೊಡೆಯುವಾಗ ಹನ್ನೊಂದೂವರೆ ಸೆಂಟಿಮೀಟರ್. ಒಂದು ಗುಂಡು ಗುರಿ ತಪ್ಪಿದರೆ, ಹೆಚ್ಚಿನ ಸ್ಪರ್ಧೆಗಳಲ್ಲಿ, 150 ಮೀಟರ್ ಉದ್ದದ ದಂಡನೆಯ ಸುತ್ತೊಂದನ್ನು ಹೆಚ್ಚಾಗಿ ಓಡಬೇಕು. ಇದಕ್ಕೆ ಇಪ್ಪತ್ತು ಸೆಕೆಂಡುಗಳಿಗೂ ಮೀರಿದ ಕಾಲ ನಷ್ಟವಾಗುತ್ತದೆ. 15 ಕಿಲೋಮೀಟರ್ ಸ್ಪರ್ಧೆಯಲ್ಲಂತೂ ತಪ್ಪಿದ ಪ್ರತಿಯೊಂದು ಗುಂಡಿಗೂ ಒಂದು ಪೂರ್ಣ ನಿಮಿಷವನ್ನು ಓಟದ ಕಾಲಕ್ಕೆ ಸೇರಿಸುತ್ತಾರೆ. ಕಾಲಿನಿಂದ ಗಳಿಸಿದ್ದನ್ನು ಕೈ ಒಂದು ಕ್ಷಣದಲ್ಲಿ ಕಳೆದುಬಿಡಬಹುದು.

ಗುರಿಯ ಅಂಗಳವನ್ನು ಪ್ರವೇಶಿಸುವಾಗ ಸ್ಪರ್ಧಿಯ ಹೃದಯ ನಿಮಿಷಕ್ಕೆ ನೂರೆಪ್ಪತ್ತಕ್ಕೂ ಹೆಚ್ಚು ಬಾರಿ ಬಡಿಯುತ್ತಿರಬಹುದು. ಪ್ರತಿಯೊಂದು ಬಡಿತವೂ, ಪ್ರತಿಯೊಂದು ಉಸಿರೂ ಬಂದೂಕಿನ ನಳಿಕೆಯನ್ನು ಕೂದಲೆಳೆಯಷ್ಟಾದರೂ ಅಲುಗಿಸುತ್ತದೆ. ಆ ಕೂದಲೆಳೆಯಷ್ಟರ ಚಲನೆ 50 ಮೀಟರಿನಾಚೆ ಗುರಿ ತಪ್ಪಿಸಲು ಸಾಕು. ಆದುದರಿಂದ ಬಲ್ಲವರು ಅಂಗಳವು ಸಮೀಪಿಸುತ್ತಿದ್ದಂತೆಯೇ ವೇಗವನ್ನು ತುಸು ತಗ್ಗಿಸುತ್ತಾರೆ. ಗಾಳಿಯ ದಿಕ್ಕನ್ನು ತೋರಿಸುವ ಪುಟ್ಟ ಬಾವುಟಗಳನ್ನು ಗಮನಿಸುತ್ತಾರೆ. ಉಸಿರನ್ನು ಹೊರಗೆ ಬಿಟ್ಟು, ಒಂದೆರಡು ಕ್ಷಣ ಅದನ್ನು ತಡೆದು, ಕುದುರೆಯನ್ನು ಮೆಲ್ಲನೆ ಒತ್ತುತ್ತಾರೆ. ಐದು ಗುಂಡುಗಳೂ ಸುಮಾರು ಅರ್ಧ ನಿಮಿಷದಲ್ಲಿ ಮುಗಿಯಬೇಕು. ವೇಗವಾಗಿ ಓಡುವವರು ಅನೇಕರಿದ್ದಾರೆ, ಚೆನ್ನಾಗಿ ಗುರಿಯಿಡುವವರೂ ಇದ್ದಾರೆ. ಆದರೆ ಓಡುತ್ತಿರುವಾಗಲೇ ತನ್ನನ್ನು ತಾನು ನಿಲ್ಲಿಸಿಕೊಳ್ಳಬಲ್ಲವರು ವಿರಳ. ಆ ವಿರಳರೇ ಇಲ್ಲಿ ಗೆಲ್ಲುತ್ತಾರೆ.

ಲಾರಾ ಡಾಲ್‌ಮೈಯರ್ 1993ರ ಆಗಸ್ಟ್ 22ರಂದು ಜರ್ಮನಿಯ ಬವೇರಿಯಾ ಪ್ರಾಂತ್ಯದ ಗಾರ್ಮಿಷ್-ಪಾರ್ಟೆನ್‌ಕಿರ್ಹೆನ್ ಎಂಬ ಊರಿನಲ್ಲಿ ಜನಿಸಿದಳು. ಇದು ಆಲ್ಪ್ಸ್ ಪರ್ವತಗಳ ಮಡಿಲಿನಲ್ಲಿರುವ ಊರು. ಜರ್ಮನಿಯ ಅತ್ಯುನ್ನತ ಶಿಖರವಾದ ತ್ಸುಗ್‌ಷ್ಪಿಟ್ಸೆ ಇದರ ನೆತ್ತಿಯ ಮೇಲೆಯೇ ನಿಂತಿದೆ. 1936ರ ಚಳಿಗಾಲದ ಒಲಿಂಪಿಕ್ ಕೂಟ ನಡೆದದ್ದು ಇದೇ ಊರಿನಲ್ಲಿ. ಇಂತಹ ಪರಿಸರದಲ್ಲಿ ಬೆಳೆದ ಲಾರಾಳಿಗೆ ಬಂಡೆ ಹತ್ತುವುದು, ಹಿಮದ ಮೇಲೆ ಜಾರುವುದು ಆಟವೇ ಆಗಿದ್ದವು. ಪಾರ್ಟೆನ್‌ಕಿರ್ಹೆನ್‌ನ ಸ್ಕೀ ಸಂಘದಲ್ಲಿ ಎಳೆಯ ವಯಸ್ಸಿನಲ್ಲಿಯೇ ಬಯಾಥ್ಲಾನ್ ಅಭ್ಯಾಸವನ್ನು ಕೈಗೊಂಡಳು. ಆದರೆ ಪರ್ವತಗಳ ನಂಟನ್ನು ಆಕೆ ಎಂದೂ ಬಿಡಲಿಲ್ಲ. ಚಳಿಗಾಲದಲ್ಲಿ ಸ್ಪರ್ಧೆ, ಬೇಸಗೆಯಲ್ಲಿ ಶಿಖರ. ಇದು ಆಕೆಯ ಕ್ರಮವಾಯಿತು.

2014ರಲ್ಲಿ ರಷ್ಯದ ಸೋಚಿಯಲ್ಲಿ ನಡೆದ ಒಲಿಂಪಿಕ್ ಕೂಟಕ್ಕೆ ಇಪ್ಪತ್ತರ ಹರೆಯದ ಲಾರಾ ಹೋದಳು; ಬರಿಗೈಯಲ್ಲಿ ಮರಳಿದಳು. ಈ ಸೋಲಿನಿಂದ ಆಕೆ ಎದೆಗುಂದಲಿಲ್ಲ. ಮರುವರ್ಷ ಫೆಬ್ರವರಿಯಲ್ಲಿ ಚೆಕ್ ದೇಶದ ನೋವೆ ಮೆಸ್ಟೋದಲ್ಲಿ ವಿಶ್ವ ಕಪ್ ಸ್ಪರ್ಧೆಯೊಂದನ್ನು ಮೊದಲ ಬಾರಿಗೆ ಗೆದ್ದಳು. ಮುಂದಿನ ತಿಂಗಳೇ ಫಿನ್ಲೆಂಡಿನ ಕೊಂಟಿಯೊಲಹ್ತಿಯಲ್ಲಿ ನಡೆದ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ರಿಲೇ ತಂಡದೊಡನೆ ಚಿನ್ನವನ್ನೂ, ಪರ್ಸ್ಯೂಟ್ ಸ್ಪರ್ಧೆಯಲ್ಲಿ ಬೆಳ್ಳಿಯನ್ನೂ ಪಡೆದಳು. 2016ರಲ್ಲಿ ನಾರ್ವೆಯ ಆಸ್ಲೋದಲ್ಲಿ ಆಕೆಗೆ ದೊರೆತ ಪದಕಗಳು ಐದು.

2017ರ ಫೆಬ್ರವರಿ ಆಕೆಯ ಕ್ರೀಡಾಜೀವನದ ಮಧ್ಯಾಹ್ನ. ಆಸ್ಟ್ರಿಯದ ಹೋಖ್‌ಫಿಲ್ಟ್ಸೆನ್‌ನಲ್ಲಿ ನಡೆದ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಲಾರಾ ಆರು ಸ್ಪರ್ಧೆಗಳಲ್ಲಿ ಭಾಗವಹಿಸಿದಳು. ಅವುಗಳಲ್ಲಿ ಐದರಲ್ಲಿ ಚಿನ್ನ, ಒಂದರಲ್ಲಿ ಬೆಳ್ಳಿ! ಒಂದೇ ವಿಶ್ವ ಚಾಂಪಿಯನ್‌ಶಿಪ್‌ನಲ್ಲಿ ಐದು ಚಿನ್ನದ ಪದಕಗಳನ್ನು ಅಲ್ಲಿಯವರೆಗೆ ಯಾವ ಬಯಾಥ್ಲಾನ್ ಪಟುವೂ ಪಡೆದಿರಲಿಲ್ಲ. ಆ ವರ್ಷದ ವಿಶ್ವ ಕಪ್‌ನ ಒಟ್ಟು ಅಂಕಗಳಲ್ಲಿಯೂ ಆಕೆಯೇ ಮೊದಲಿಗಳಾಗಿ, ವಿಜೇತರಿಗೆ ಸಲ್ಲುವ ಸ್ಫಟಿಕದ ಗೋಳವನ್ನು ಪಡೆದಳು.

ಇನ್ನು ಉಳಿದದ್ದು ಒಲಿಂಪಿಕ್ ಪದಕ. 2018ರಲ್ಲಿ ದಕ್ಷಿಣ ಕೊರಿಯದ ಪ್ಯಾಂಗ್‌ಚಾಂಗ್‌ನಲ್ಲಿ ಕೂಟ ಸೇರಿತು. ಫೆಬ್ರವರಿ 10ರ ರಾತ್ರಿ, ಕೊರೆಯುವ ಚಳಿಯಲ್ಲಿ, ಏಳೂವರೆ ಕಿಲೋಮೀಟರಿನ ಸ್ಪ್ರಿಂಟ್ ಸ್ಪರ್ಧೆ ನಡೆಯಿತು. ಗಾಳಿ ಹಲವರ ಗುಂಡುಗಳನ್ನು ದಾರಿ ತಪ್ಪಿಸಿತು. ಲಾರಾ ಹಾರಿಸಿದ ಹತ್ತು ಗುಂಡುಗಳೂ ಗುರಿ ಮುಟ್ಟಿದವು. ಎರಡನೆಯವಳಿಗಿಂತ ಇಪ್ಪತ್ತನಾಲ್ಕು ಸೆಕೆಂಡು ಮೊದಲೇ ಆಕೆ ಓಟವನ್ನು ಮುಗಿಸಿದ್ದಳು. ಎರಡು ದಿನಗಳ ತರುವಾಯ 10 ಕಿಲೋಮೀಟರಿನ ಪರ್ಸ್ಯೂಟ್ ಸ್ಪರ್ಧೆ. ಇದರಲ್ಲಿ ಸ್ಪ್ರಿಂಟ್ ಗೆದ್ದವರು ಮೊದಲು ಹೊರಡುತ್ತಾರೆ. ಉಳಿದವರು ತಾವು ಹಿಂದೆ ಬಿದ್ದಿದ್ದಷ್ಟೇ ಕಾಲದ ಅಂತರದಲ್ಲಿ ಅವರ ಬೆನ್ನಟ್ಟುತ್ತಾರೆ. ಇಪ್ಪತ್ತು ಗುಂಡುಗಳಲ್ಲಿ ಒಂದನ್ನು ಮಾತ್ರ ತಪ್ಪಿಸಿ ಲಾರಾ ಮತ್ತೆ ಚಿನ್ನ ಗೆದ್ದಳು. ಒಂದೇ ಒಲಿಂಪಿಕ್ ಕೂಟದಲ್ಲಿ ಈ ಎರಡು ಸ್ಪರ್ಧೆಗಳನ್ನೂ ಗೆದ್ದ ಮೊದಲ ಮಹಿಳೆ ಆಕೆ. 15 ಕಿಲೋಮೀಟರ್ ಸ್ಪರ್ಧೆಯಲ್ಲಿ, ಇಪ್ಪತ್ತಕ್ಕೆ ಇಪ್ಪತ್ತು ಗುರಿಗಳನ್ನೂ ಹೊಡೆದ ಸ್ವೀಡನ್ನಿನ ಹಾನ್ನಾ ಓಬರ್ಗ್ ಗೆದ್ದಳು. ಲಾರಾಳಿಗೆ ಕಂಚು ದೊರೆಯಿತು.

ಗೆಲುವಿನ ರುಚಿ ಕಂಡವರು ಸಾಮಾನ್ಯವಾಗಿ ಅದರ ಬೆನ್ನು ಬಿಡುವುದಿಲ್ಲ. ಲಾರಾಳ ರೀತಿ ಬೇರೆ. ಮುಂದಿನ ಋತುವಿನಲ್ಲಿ ಅನಾರೋಗ್ಯ ಆಕೆಯನ್ನು ಕಾಡಿತು. ಆದರೂ 2019ರಲ್ಲಿ ಸ್ವೀಡನ್ನಿನ ಎಸ್ಟರ್‌ಸುಂಡ್‌ನಲ್ಲಿ ಎರಡು ಕಂಚಿನ ಪದಕಗಳನ್ನು ಗಳಿಸಿದಳು. ಅಲ್ಲಿಗೆ ವಿಶ್ವ ಚಾಂಪಿಯನ್‌ಶಿಪ್‌ಗಳಲ್ಲಿ ಆಕೆ ಗಳಿಸಿದ ಪದಕಗಳು ಹದಿನೈದಾದವು. ಏಳು ಚಿನ್ನ, ಮೂರು ಬೆಳ್ಳಿ, ಐದು ಕಂಚು. ಅದೇ ವರ್ಷ ಮೇ ತಿಂಗಳಲ್ಲಿ, ಇಪ್ಪತ್ತೈದನೆಯ ವಯಸ್ಸಿನಲ್ಲಿ, ತಾನು ಸ್ಪರ್ಧೆಗಳಿಂದ ನಿವೃತ್ತಳಾಗುವುದಾಗಿ ಪ್ರಕಟಿಸಿದಳು. ಈ ಸ್ಪರ್ಧೆಗಳಿಗೆ ಬೇಕಾದ ಪರಿಪೂರ್ಣ ಉತ್ಸಾಹ ತನ್ನಲ್ಲಿ ಉಳಿದಿಲ್ಲವೆಂದು ಆಕೆ ಪ್ರಾಮಾಣಿಕವಾಗಿ ಒಪ್ಪಿಕೊಂಡಳು. ಅರ್ಧ ಮನಸ್ಸಿನಿಂದ ಓಡಿ ಹೆಸರನ್ನು ಉಳಿಸಿಕೊಳ್ಳುವುದಕ್ಕಿಂತ ನಿಲ್ಲುವುದೇ ಲೇಸೆಂದು ಆಕೆ ಬಗೆದಳು.

ನಿಂತುದು ಸ್ಪರ್ಧೆ ಮಾತ್ರ, ಸಾಹಸ ನಿಲ್ಲಲಿಲ್ಲ. ಆಕೆ ಕ್ರೀಡಾವಿಜ್ಞಾನವನ್ನು ಅಭ್ಯಾಸ ಮಾಡಿದಳು. ದೂರದರ್ಶನದಲ್ಲಿ ಬಯಾಥ್ಲಾನ್ ಸ್ಪರ್ಧೆಗಳನ್ನು ಜನರಿಗೆ ವಿವರಿಸಿದಳು. ಕಠಿಣವಾದ ಪರೀಕ್ಷೆಗಳಲ್ಲಿ ತೇರ್ಗಡೆಯಾಗಿ ಅಧಿಕೃತ ಪರ್ವತ ಮಾರ್ಗದರ್ಶಿಯಾದಳು. ಇದಕ್ಕಿಂತ ಮುಖ್ಯವಾದ ಸಂಗತಿಯೆಂದರೆ, ಆಕೆ ತನ್ನ ಊರಿನ ಪರ್ವತ ರಕ್ಷಣಾ ದಳದ ಸ್ವಯಂಸೇವಕಿಯಾಗಿದ್ದುದು. ಬೆಟ್ಟದಲ್ಲಿ ಸಿಲುಕಿದವರನ್ನು, ಗಾಯಗೊಂಡವರನ್ನು ಹುಡುಕಿ ತರುವುದು ಈ ದಳದ ಕರ್ತವ್ಯ. ಒಬ್ಬರನ್ನು ಉಳಿಸಲು ಹಲವರು ತಮ್ಮ ಪ್ರಾಣವನ್ನು ಪಣಕ್ಕಿಡಬೇಕಾಗುತ್ತದೆಂಬುದನ್ನು ಆಕೆ ಸ್ವಾನುಭವದಿಂದ ತಿಳಿದಿದ್ದಳು. ಆಕೆಯ ಆರೋಹಣಗಳು ಆಲ್ಪ್ಸ್ ಪರ್ವತಗಳಿಗೆ ಸೀಮಿತವಾಗಿರಲಿಲ್ಲ. 2024ರ ನವೆಂಬರಿನಲ್ಲಿ ನೇಪಾಳದ ಆಮಾ ದಬ್ಲಂ ಶಿಖರವನ್ನು ಅತಿ ಶೀಘ್ರವಾಗಿ ಏರಿ ಇಳಿದಳು.

2025ರ ಬೇಸಗೆಯಲ್ಲಿ ಲಾರಾ ಕಾರಕೋರಂ ಪರ್ವತಶ್ರೇಣಿಗೆ ಬಂದಳು. ಜುಲೈ ತಿಂಗಳಲ್ಲಿ ಅಲ್ಲಿನ ಗ್ರೇಟ್ ಟ್ರಾಂಗೋ ಶಿಖರವನ್ನು ಏರಿದ ಬಳಿಕ, ಆರು ಸಾವಿರ ಮೀಟರಿಗೂ ಎತ್ತರವಾದ ಲೈಲಾ ಶಿಖರದತ್ತ ಒಬ್ಬ ಸಂಗಾತಿಯೊಡನೆ ಹೊರಟಳು. ಜುಲೈ 28ರ ಮಧ್ಯಾಹ್ನ, ಸುಮಾರು 5,700 ಮೀಟರ್ ಎತ್ತರದಲ್ಲಿ, ಮೇಲಿನಿಂದ ಕಲ್ಲುಗಳು ಉರುಳಿ ಬಂದು ಆಕೆಗೆ ಬಡಿದವು. ಸಂಗಾತಿ ಸಹಾಯಕ್ಕಾಗಿ ಸಂದೇಶ ಕಳುಹಿಸಿದಳು. ಬಹಳ ಹೊತ್ತು ಪ್ರಯತ್ನಿಸಿದರೂ, ಕಲ್ಲುಗಳು ಉರುಳುತ್ತಲೇ ಇದ್ದುದರಿಂದ, ಆಕೆಯ ಬಳಿಗೆ ಹೋಗಲಾಗಲಿಲ್ಲ. ಮರುದಿನ ಹೆಲಿಕಾಪ್ಟರಿನಿಂದ ನೋಡಿದಾಗ ಆಕೆಯಲ್ಲಿ ಜೀವದ ಚಿಹ್ನೆಗಳು ಕಾಣಲಿಲ್ಲ. ಆಕೆಗೆ ಆಗ ವಯಸ್ಸು ಮೂವತ್ತೊಂದು.

ಆಗ ಸಮೀಪದಲ್ಲಿದ್ದ ಹಲವು ಪರ್ವತಾರೋಹಿಗಳು ನೆರವಿಗೆ ಧಾವಿಸಿ ಬಂದಿದ್ದರು. ಪ್ರಸಿದ್ಧ ಜರ್ಮನ್ ಪರ್ವತಾರೋಹಿ ಥಾಮಸ್ ಹೂಬರ್ ಅವರಲ್ಲೊಬ್ಬ. ಆದರೆ ಆಕೆಯ ದೇಹವನ್ನು ಕೆಳಗೆ ತರುವ ಪ್ರಯತ್ನವನ್ನು ಅವರು ಕೈಬಿಟ್ಟರು. ಇದಕ್ಕೆ ಅಪಾಯವೊಂದೇ ಕಾರಣವಾಗಿರಲಿಲ್ಲ. ಲಾರಾ ತನ್ನ ಇಚ್ಛೆಯನ್ನು ಮೊದಲೇ ಬರೆದಿಟ್ಟಿದ್ದಳು. ಪರ್ವತದಲ್ಲಿ ತಾನು ಮಡಿದರೆ, ತನ್ನ ದೇಹವನ್ನು ತರುವುದಕ್ಕಾಗಿ ಯಾರೊಬ್ಬರೂ ಪ್ರಾಣವನ್ನು ಅಪಾಯಕ್ಕೊಡ್ಡಬಾರದು. ಅಂತಹ ಸ್ಥಿತಿಯಲ್ಲಿ ದೇಹವನ್ನು ಪರ್ವತದಲ್ಲಿಯೇ ಬಿಡಬೇಕು ಎಂಬುದೇ ಆ ಇಚ್ಛೆಯ ಸಾರ. ಇತರರ ಪ್ರಾಣರಕ್ಷಣೆಗಾಗಿ ಬೆಟ್ಟ ಹತ್ತಿದವಳು, ತನ್ನ ಕಳೇಬರಕ್ಕಾಗಿ ಇತರರ ಪ್ರಾಣವನ್ನು ಬೇಡಲಿಲ್ಲ.

ಪರ್ವತಾರೋಹಣ ಅಪಾಯದ ಹಾದಿ. ಎಷ್ಟೇ ನಿಪುಣರಾದರೂ ಉರುಳುವ ಕಲ್ಲನ್ನು ತಡೆಯುವ ಶಕ್ತಿ ಮನುಷ್ಯನಿಗಿಲ್ಲ. ಆ ಹಾದಿಯನ್ನು ಎಲ್ಲರೂ ತುಳಿಯಬೇಕೆಂದು ಲಾರಾಳ ಕಥೆ ಹೇಳುವುದಿಲ್ಲ. ಅದು ಹೇಳುವುದು ಬೇರೊಂದು ಮಾತನ್ನು. ಹಿಮದ ಹಾದಿಯಲ್ಲಿ ಭರದಿಂದ ಓಡುವಾಗ, ಗುರಿಯ ಮುಂದೆ ನಿಲ್ಲುವುದನ್ನು ಆಕೆ ಕಲಿತಳು. ಕೀರ್ತಿಯ ಶಿಖರದಲ್ಲಿ, ಉತ್ಸಾಹ ಕುಂದಿದಾಗ, ಸ್ಪರ್ಧೆಯನ್ನು ನಿಲ್ಲಿಸಿದಳು. ತಾನಿಲ್ಲದ ಕಾಲದಲ್ಲಿ ಇತರರು ಎಲ್ಲಿ ನಿಲ್ಲಬೇಕೆಂಬುದನ್ನೂ ಯೋಚಿಸಿ ಬರೆದಿಟ್ಟಳು. ಓಡುವ ಶಕ್ತಿಯನ್ನು ಪ್ರಕೃತಿ ಅನೇಕರಿಗೆ ಕೊಟ್ಟಿದೆ. ನಿಲ್ಲುವ ವಿವೇಕವನ್ನು ಮಾತ್ರ ನಾವೇ ಅಭ್ಯಾಸದಿಂದ ಗಳಿಸಿಕೊಳ್ಳಬೇಕು.